ಓದುಗರ ಪ್ರಶ್ನೆ, ನಮ್ಮ ಉತ್ತರ: ಪಲ್ಯೊ ಬಿಯೆಲಿಕ್ ಚಿತ್ರಗಳನ್ನು ಎಲ್ಲಿಂದ ಶುರು ಮಾಡಬೇಕು?

ಕಳೆದ ಸಂಚಿಕೆಯ ಸಿನಿಮಾ ಪುಟದಲ್ಲಿ ಸ್ಲೊವಾಕಿಯಾದ ನಟ, ನಿರ್ದೇಶಕ ಪಲ್ಯೊ ಬಿಯೆಲಿಕ್ ಬಗ್ಗೆ ನಾಲ್ಕು ಸಾಲು ಬರೆದಿದ್ದೆವು. ಅದನ್ನು ಓದಿ ಬಂದ ಪ್ರಶ್ನೆಗಳಲ್ಲಿ ಕೆಲವಕ್ಕೆ ಇಲ್ಲಿ ಉತ್ತರಿಸಿದ್ದೇವೆ.

ಹೆಸರನ್ನು ಒಂದೊಂದು ಕಡೆ ಒಂದೊಂದು ರೀತಿ ಬರೆದಿರುತ್ತಾರೆ. ಪಾಲೊ, ಪಾಲ್ಯೊ, ಪಾವೊಲ್, ಇವುಗಳಲ್ಲಿ ಯಾವುದು ಸರಿ? ಅವರ ಊರು ಯಾವುದು? (ಧಾರವಾಡದ ಓದುಗರು)

ಅಡುಗೆಮನೆಯ ‘ಪಲ್ಯ’ ಇದೆಯಲ್ಲ, ಅದರ ಕೊನೆಗೆ ಒಕಾರ ಹಚ್ಚಿದರೆ ಸರಿಯಾದ ಉಚ್ಚಾರ ಬರುತ್ತದೆ: ಪಲ್ಯೊ. ಸ್ಲೊವಾಕ್ ಲಿಪಿಯಲ್ಲಿ ಎಲ್ ಅಕ್ಷರದ ತುದಿಗೆ ಅಲ್ಪವಿರಾಮದಂಥ ಗುರುತು ಇರುತ್ತದೆ. ಆ ಲಕಾರವನ್ನು ಮೆತ್ತಗೆ, ಯಕಾರ ಬೆರೆಸಿ ಹೇಳಬೇಕು. ಪಾವೊಲ್ ಎಂಬುದರ ಸಲಿಗೆಯ ರೂಪ ಪಲ್ಯೊ. ಹುಡುಕುವಾಗ ಆ ಗುರುತು ಬಿಟ್ಟು ಪಿ, ಎ, ಎಲ್, ಓ ಎಂದಷ್ಟೇ ಟೈಪ್ ಮಾಡಿದರೂ ಬಹುತೇಕ ಕಡೆ ಸಿಗುತ್ತದೆ.

ಹುಟ್ಟಿದ್ದು 1910ರ ಡಿಸೆಂಬರ್ 11ರಂದು, ಸೆನಿತ್ಸ ಎಂಬಲ್ಲಿ. ಇಲ್ಲಿ ತುಸು ಎಚ್ಚರ ಬೇಕು. ಇದೇ ಹೆಸರಿನ ದೊಡ್ಡ ಪಟ್ಟಣವೊಂದು ಪಶ್ಚಿಮ ಸ್ಲೊವಾಕಿಯಾದಲ್ಲಿದೆ. ಬಿಯೆಲಿಕ್ ಅವರದು ಆ ಊರಲ್ಲ. ಅವರದು ದೇಶದ ನಡುಭಾಗದಲ್ಲಿ ಬಾನ್ಸ್ಕಾ ಬಿಸ್ತ್ರಿತ್ಸ ನಗರಕ್ಕೆ ಅಂಟಿಕೊಂಡಿದ್ದ, ಈಗ ಆ ನಗರದೊಳಗೇ ಸೇರಿರುವ ಸಣ್ಣ ಸೆನಿತ್ಸ. ನಾಜಿ ಜರ್ಮನಿಯ ವಿರುದ್ಧ 1944ರಲ್ಲಿ ಎದ್ದ ದಂಗೆಯ ಕೇಂದ್ರವಾಗಿದ್ದದ್ದು ಇದೇ ಬಾನ್ಸ್ಕಾ ಬಿಸ್ತ್ರಿತ್ಸ. ಹಾಗಾಗಿ ಊರು ತಪ್ಪಿದರೆ ಅವರ ಅರ್ಧ ಬದುಕು ಅರ್ಥವಾಗದೆ ಉಳಿದುಬಿಡುತ್ತದೆ. ತೀರಿಕೊಂಡದ್ದು 1983ರ ಏಪ್ರಿಲ್ 23ರಂದು, ಬ್ರಾಟಿಸ್ಲಾವಾದಲ್ಲಿ.

‘ಯಾನೊಶೀಕ್’ ಎಂದು ಹುಡುಕಿದರೆ ನಾಲ್ಕೈದು ಸಿನಿಮಾ ಸಿಗುತ್ತವೆ. ಬಿಯೆಲಿಕ್ ಅವರದು ಯಾವುದು? (ಮೈಸೂರಿನ ಓದುಗರು)

ಎರಡು ಅವರವು. ಒಂದರಲ್ಲಿ ನಟಿಸಿದರು, ಇನ್ನೊಂದನ್ನು ನಿರ್ದೇಶಿಸಿದರು.

ಯುರಯ್ ಯಾನೊಶೀಕ್ ನಿಜವಾಗಿ ಬದುಕಿದ್ದವನು. ತೆರ್ಖೊವಾ ಊರಿನವನು, 1688ರ ಜನವರಿಯಲ್ಲಿ ದೀಕ್ಷಾಸ್ನಾನವಾದ ದಾಖಲೆ ಇದೆ. ಕಾಡಿನಲ್ಲಿ ತಂಡ ಕಟ್ಟಿಕೊಂಡು ದಾರಿ ಅಡ್ಡಗಟ್ಟಿ ಸುಲಿಗೆ ಮಾಡುತ್ತಿದ್ದ. 1713ರ ಮಾರ್ಚ್‌ನಲ್ಲಿ ಲಿಪ್ತೊವ್ಸ್ಕಿ ಮಿಕುಲಾಶ್‌ನಲ್ಲಿ ವಿಚಾರಣೆ ನಡೆಸಿ, ಎಡಪಕ್ಕೆಗೆ ಕಬ್ಬಿಣದ ಕೊಂಡಿ ಸಿಕ್ಕಿಸಿ ನೇತುಹಾಕುವ ಶಿಕ್ಷೆ ಕೊಟ್ಟರು. ಉಳ್ಳವರಿಂದ ಕಸಿದು ಇಲ್ಲದವರಿಗೆ ಹಂಚಿದ ಎಂಬುದನ್ನೆಲ್ಲ ಆಮೇಲೆ ಹಾಡು, ಕಥೆಗಳು ಕಟ್ಟಿಕೊಟ್ಟವು.

ಇವನ ಮೇಲಿನ ಮೊದಲ ಚಿತ್ರ 1921ರದು, ಮೂಕಿ. ನಿರ್ದೇಶಕ ಯಾರೊಸ್ಲಾವ್ ಸಿಯಾಕೆಲ್, ದುಡ್ಡು ಹಾಕಿದವರು ಅಮೆರಿಕದಲ್ಲಿ ನೆಲೆಸಿದ್ದ ಸ್ಲೊವಾಕರು. ನಾಯಕ ತೆಯೊಡೊರ್ ಪಿಶ್ತ್ಯೆಕ್ ಎಂಬ ಚೆಕ್ ನಟ. ಎರಡನೆಯದು 1935ರದು, ಮಾತಿನ ಚಿತ್ರ. ಚೆಕ್ ನಿರ್ದೇಶಕ ಮಾರ್ಟಿನ್ ಫ್ರಿಚ್ ಮಾಡಿದ್ದು. 24 ವರ್ಷದ ಬಿಯೆಲಿಕ್ ನಾಯಕನಾದದ್ದು ಇದರಲ್ಲಿ. ಹಿಂದಿನ ಚಿತ್ರದ ಯಾನೊಶೀಕ್ ಆಗಿದ್ದ ಪಿಶ್ತ್ಯೆಕ್ ಇಲ್ಲಿ ಜಹಗೀರುದಾರನ ಪಾತ್ರಕ್ಕೆ ಬಂದಿದ್ದಾರೆ, ಗಮನಿಸಿ ನೋಡಿ. ಮೂರನೆಯದು ಬಿಯೆಲಿಕ್ ಅವರೇ ಬಣ್ಣದಲ್ಲಿ, ಅಗಲ ಪರದೆಗೆ ನಿರ್ದೇಶಿಸಿದ ಎರಡು ಭಾಗಗಳ ಚಿತ್ರ: ಒಂದು 1962, ಇನ್ನೊಂದು 1963. ನಾಯಕ ಫ್ರಾಂಟಿಶೆಕ್ ಕುಖ್ತ. ಇವಲ್ಲದೆ ವಿಕ್ತೊರ್ ಕುಬಲ್ ಅವರ 1976ರ ಕಾರ್ಟೂನ್ ಚಿತ್ರವಿದೆ, ಅದು ಸ್ಲೊವಾಕಿಯಾದ ಮೊದಲ ಪೂರ್ಣಾವಧಿ ಕಾರ್ಟೂನ್. ಪೋಲೆಂಡಿನ ದೂರದರ್ಶನ ಧಾರಾವಾಹಿಯೊಂದಿದೆ, 2009ರ ಇನ್ನೊಂದು ಚಿತ್ರವೂ ಇದೆ.

ಅಂತರ್ಜಾಲದ ಪ್ರತಿಗಳಲ್ಲಿ ವರ್ಷ ಅದಲುಬದಲಾಗಿರುವುದು ಸಾಮಾನ್ಯ. ಕಪ್ಪುಬಿಳುಪು, ಚೌಕಕ್ಕೆ ಹತ್ತಿರದ ಚಿತ್ರ, ಮಾತು ಇದೆ ಎಂದಾದರೆ 1935. ಬಣ್ಣ, ಉದ್ದನೆಯ ಪಟ್ಟಿಯಂಥ ಚಿತ್ರವಾದರೆ 1962–63. ಒಂದು ಭಾಗ ನೋಡಿ ‘ಮುಗಿಯಲೇ ಇಲ್ಲ’ ಅನ್ನಿಸಿದರೆ ಎರಡನೆಯದು ಬಾಕಿ ಇದೆ ಎಂದರ್ಥ.

ಪೊಲೀಸಾಗಿದ್ದವರು ಒಂದೇ ಚಿತ್ರದಿಂದ ಹೆಸರು ಮಾಡಿದರು ಎಂದು ಬರೆದಿದ್ದಿರಿ. ಹಾಗಿದ್ದರೆ ನಟನೆ ಬಿಟ್ಟು ನಿರ್ದೇಶನಕ್ಕೆ ಹೋದದ್ದೇಕೆ? (ಬೆಂಗಳೂರಿನ ಓದುಗರು)

ಅವರು ಜೆಂಡಾರ್ಮ್ ಆಗಿದ್ದರು, ಅಂದರೆ ಹಳ್ಳಿಗಾಡಿನ ಸಶಸ್ತ್ರ ಪೊಲೀಸ್. 1935ರ ಚಿತ್ರಕ್ಕೆ ಸ್ಟುಡಿಯೊ ನಟರ ನಯ ನಾಜೂಕು ಬೇಕಿರಲಿಲ್ಲ. ಬೆಟ್ಟ ಹತ್ತಿ ಇಳಿಯಬಲ್ಲ, ಕೊಡಲಿ ಬೀಸಿ ಕುಣಿಯಬಲ್ಲ, ಸ್ಲೊವಾಕ್ ನುಡಿ ಬಾಯಲ್ಲೇ ಇರುವ ಮೈಕಟ್ಟಿನವನು ಬೇಕಿತ್ತು. ಚಿತ್ರಕಥೆಯಲ್ಲಿ ಕೈಯಿದ್ದ ಕರೊಲ್ ಪ್ಲಿತ್ಸ್ಕ ಜನಪದ ಹಾಡು ಸಂಗ್ರಹಿಸುತ್ತ, ಹಳ್ಳಿಗರ ಫೋಟೊ ತೆಗೆಯುತ್ತ ಸ್ಲೊವಾಕಿಯಾ ಸುತ್ತಿದ್ದವರು. ಚಿತ್ರಕ್ಕೆ ಬಂದಿರುವ ಮಣ್ಣಿನ ವಾಸನೆಯಲ್ಲಿ ಅವರ ಪಾಲು ದೊಡ್ಡದು. ಗಲ್ಲಿಗೆ ಮುಂಚೆ ನಾಯಕ ಕುಣಿಯುವ ಕುಣಿತದ ಹೆಸರು ಒದ್ಜೆಮೊಕ್. ಕುಕ್ಕರಗಾಲಿನಿಂದ ಚಿಮ್ಮಿ ಏಳುವ, ತೊಡೆ ಹರಿಯುವಂಥ ಕುಣಿತ. ಈ ಚಿತ್ರದಿಂದ ಬಿಯೆಲಿಕ್ ಮುಖ ಇಡೀ ಚೆಕೊಸ್ಲೊವಾಕಿಯಾಕ್ಕೆ ಪರಿಚಯವಾಯಿತು.

ಆದರೆ ಆಗ ಚಿತ್ರೋದ್ಯಮ ಇದ್ದದ್ದು ಪ್ರಾಗ್‌ನಲ್ಲಿ. ಬ್ರಾಟಿಸ್ಲಾವಾದಲ್ಲಿ ಕಥಾಚಿತ್ರ ತೆಗೆಯುವ ಸ್ಟುಡಿಯೊ ಇರಲಿಲ್ಲ. ಪ್ರಾಗ್‌ನಲ್ಲಿ ಸ್ಲೊವಾಕ್ ನಟನಿಗೆ ಸಿಗುತ್ತಿದ್ದ ಪಾತ್ರಗಳು ಕಡಿಮೆ. 1939ರ ಮಾರ್ಚ್ 14ರಂದು ಜರ್ಮನಿಯ ನೆರಳಿನಲ್ಲಿ ಸ್ಲೊವಾಕಿಯಾ ಬೇರೆ ರಾಜ್ಯವಾಯಿತು, ಮಾರನೆಯ ದಿನ ಜರ್ಮನ್ ಸೇನೆ ಪ್ರಾಗ್ ಹೊಕ್ಕಿತು. ಆ ಬಾಗಿಲೂ ಮುಚ್ಚಿತು. ಬ್ರಾಟಿಸ್ಲಾವಾದಲ್ಲಿ ಹುಟ್ಟಿಕೊಂಡ ‘ನಾಸ್ತುಪ್’ ಎಂಬ ಕಂಪನಿ ವಾರ್ತಾಚಿತ್ರ, ಕಿರುಚಿತ್ರಗಳನ್ನು ತಯಾರಿಸುತ್ತಿತ್ತು. ಬಿಯೆಲಿಕ್ ಕ್ಯಾಮೆರಾದ ಮುಂದಿನಿಂದ ಹಿಂದಕ್ಕೆ ಸರಿದದ್ದು ಅಲ್ಲಿ. ಸಾಕ್ಷ್ಯಚಿತ್ರ ಮಾಡುತ್ತ ಮಾಡುತ್ತ ಕೆಲಸ ಕಲಿತರು.

1944ರ ಆಗಸ್ಟ್ 29ರಂದು ಸ್ಲೊವಾಕ್ ರಾಷ್ಟ್ರೀಯ ದಂಗೆ ಶುರುವಾಯಿತು. ಅಕ್ಟೋಬರ್ ಕೊನೆಯಲ್ಲಿ ಜರ್ಮನ್ನರು ಬಾನ್ಸ್ಕಾ ಬಿಸ್ತ್ರಿತ್ಸವನ್ನು ಹಿಡಿಯುವವರೆಗಿನ ಎರಡು ತಿಂಗಳು ಬಿಯೆಲಿಕ್ ತಮ್ಮ ಊರಿನ ಸುತ್ತಲೇ ದಂಗೆಯನ್ನು ಚಿತ್ರೀಕರಿಸಿದರು. ಛಾಯಾಗ್ರಾಹಕ ಕರೊಲ್ ಕ್ರ್ಶ್ಕ ಜೊತೆಗಿದ್ದರು. ಆ ದೃಶ್ಯಗಳಿಂದಲೇ 1945ರ ‘ಸ್ವಾತಂತ್ರ್ಯಕ್ಕಾಗಿ’ ಎಂಬ ಸಾಕ್ಷ್ಯಚಿತ್ರ ಬಂತು. ಸಾಕ್ಷ್ಯಚಿತ್ರವೆಂದು ಇದನ್ನು ಬದಿಗಿಡಬೇಡಿ. ಅವರ ಮುಂದಿನ ಕಥಾಚಿತ್ರಗಳಲ್ಲಿ ಸೈನಿಕರು ನಡೆಯುವ, ಕೂರುವ, ಕಾಯುವ ರೀತಿ ಈ ಎರಡು ತಿಂಗಳಲ್ಲಿ ಕಣ್ಣಾರೆ ಕಂಡದ್ದು ಎನ್ನುವುದು ನಮ್ಮ ದೃಢ ಅಭಿಪ್ರಾಯ.

ನಟನೆಯನ್ನು ಅವರು ಒಮ್ಮೆಲೇ ಬಿಡಲಿಲ್ಲ. 1946ರ ‘ವಾರೂಯ್’ ಚಿತ್ರದಲ್ಲಿ ಮತ್ತೆ ಫ್ರಿಚ್ ನಿರ್ದೇಶನದಲ್ಲಿ ನಾಯಕರಾದರು. ಎರಡು ವರ್ಷದ ನಂತರ ‘ವ್ಲ್ಚಿಯೆ ದಿಯೆರಿ’ ಬಂತು, ಅಂದರೆ ‘ತೋಳದ ಬಿಲಗಳು’. ಇದು ಅವರು ನಿರ್ದೇಶಿಸಿದ ಮೊದಲ ಕಥಾಚಿತ್ರ. ವಸ್ತು ಅದೇ ದಂಗೆ.

ಅಷ್ಟೊಂದು ಚಿತ್ರ ನೋಡಲು ಪುರುಸೊತ್ತಿಲ್ಲ. ಮೂರು ಹೇಳಿ. (ಶಿವಮೊಗ್ಗದ ಓದುಗರು)

ಮೊದಲಿಗೆ 1935ರ ‘ಯಾನೊಶೀಕ್’, ಆಮೇಲೆ 1957ರ ‘ನಲವತ್ತನಾಲ್ಕು’, ಕೊನೆಗೆ 1959ರ ‘ಕಾಪಿಟಾನ್ ದಬಾಚ್’. ಇದೇ ಕ್ರಮದಲ್ಲಿ ನೋಡಿ. ಸಾವಿಗೆ ಎದೆಯೊಡ್ಡುವ ವೀರನನ್ನು ನಟನಾಗಿ ತೋರಿಸಿದವರು ನಿರ್ದೇಶಕನಾದ ಮೇಲೆ ಆ ವೀರನ ಮೇಲಿನ ಹೊಳಪನ್ನು ಹೇಗೆ ಒಂದೊಂದೇ ಪದರ ಕಳಚಿದರು ಎಂಬುದು ಆಗ ಕಾಣುತ್ತದೆ.

‘ನಲವತ್ತನಾಲ್ಕು’ ನೋಡುವ ಮೊದಲು ಹಿನ್ನೆಲೆ ತಿಳಿದಿರಲಿ. ಗೊತ್ತಿಲ್ಲದಿದ್ದರೆ ಮೊದಲರ್ಧ ಗೊಂದಲವಾಗುತ್ತದೆ, ಅನೇಕರು ಅಲ್ಲೇ ಬಿಟ್ಟುಬಿಡುತ್ತಾರೆ. ಮೊದಲ ಮಹಾಯುದ್ಧದಲ್ಲಿ ಸ್ಲೊವಾಕರು ಆಸ್ಟ್ರಿಯಾ-ಹಂಗೆರಿಯ ಸೈನಿಕರು. ತ್ರೆಂಚೀನ್ ಊರಿನ 71ನೇ ಕಾಲಾಳು ರೆಜಿಮೆಂಟಿನ ತುಕಡಿಯೊಂದು 1918ರಲ್ಲಿ ಸರ್ಬಿಯಾದ ಕ್ರಾಗುಯೆವಾಟ್ಸ್‌ನಲ್ಲಿತ್ತು. ಅದರಲ್ಲಿ ರಷ್ಯಾದ ಸೆರೆಯಿಂದ ಮರಳಿದವರು ಅನೇಕರು. ಯುದ್ಧ ಮುಗಿಯಿತೆಂದು ಬಂದವರನ್ನು ಮತ್ತೆ ರಣರಂಗಕ್ಕೆ ಅಟ್ಟಲು ಸಿದ್ಧತೆ ನಡೆದಿತ್ತು. ಜೂನ್ 2ರ ರಾತ್ರಿ ಹೆಂಡದಂಗಡಿಯಲ್ಲಿ ಹೊತ್ತಿಕೊಂಡ ಜಗಳ ದಂಗೆಯಾಯಿತು. ಬೆಳಗಾಗುವುದರೊಳಗೆ ಅಡಗಿತು. ಜೂನ್ 8ರಂದು 44 ಮಂದಿಯನ್ನು ಗುಂಡಿಟ್ಟು ಕೊಂದರು. ಯುದ್ಧ ಮುಗಿಯಲು ಆಗ ಬಾಕಿಯಿದ್ದದ್ದು ಐದೇ ತಿಂಗಳು.

ಈ ಚಿತ್ರದಲ್ಲಿ ಒಬ್ಬನೇ ನಾಯಕನನ್ನು ಹುಡುಕಬೇಡಿ. ಇಲ್ಲಿ ಗುಂಪೇ ಪಾತ್ರ. ಮೊದಲ ಇಪ್ಪತ್ತು ನಿಮಿಷ ಮುಖಗಳನ್ನು ಗುರುತಿಟ್ಟುಕೊಳ್ಳುವುದರಲ್ಲಿ ಕಳೆದರೆ ಕೊನೆ ತಟ್ಟುತ್ತದೆ. ಸ್ಲೊವಾಕಿಯಾದ ಹೊರಗೆ ಇದನ್ನು ಬಲ್ಲವರು ಇಷ್ಟು ಕಡಿಮೆ ಎಂಬುದು ನಮಗೆ ಬೇಸರದ ಸಂಗತಿ.

‘ದಬಾಚ್’ನಲ್ಲಿ ಇದಕ್ಕೆ ತದ್ವಿರುದ್ಧ. ಇಡೀ ಚಿತ್ರ ಒಬ್ಬನ ಹೆಗಲ ಮೇಲೆ. ಜರ್ಮನಿಯ ಪರ ಪೂರ್ವದ ರಣರಂಗದಲ್ಲಿದ್ದ ಸ್ಲೊವಾಕ್ ಕ್ಯಾಪ್ಟನ್ ಒಬ್ಬ ಕೊನೆಗೆ ದಂಗೆಯ ಕಡೆ ಸೇರುತ್ತಾನೆ. ಆದರೆ ಅಲ್ಲೂ ಅವನು ಯಾರಿಗೂ ಪೂರ್ತಿ ದಕ್ಕುವುದಿಲ್ಲ. ಲಾದಿಸ್ಲಾವ್ ಖುದೀಕ್ ಈ ಪಾತ್ರವನ್ನು ಮಾತಿಗಿಂತ ದವಡೆ ಬಿಗಿತದಲ್ಲಿ ನಿಭಾಯಿಸಿದ್ದಾರೆ. 1977ರಲ್ಲಿ ಶುರುವಾದ ಚೆಕ್ ಆಸ್ಪತ್ರೆ ಧಾರಾವಾಹಿಯ ಹಿರಿಯ ವೈದ್ಯನಾಗಿ ಮನೆಮಾತಾದವರು ಇವರೇ.

‘ಪ್ರಿಯೆಹ್ರದ’ (ಅಣೆಕಟ್ಟು, 1950) ಮತ್ತು ‘ಲಾಜಿ ಸ ಪೊಹ್ಲಿ’ (1952) ಎರಡನ್ನೂ ಸದ್ಯಕ್ಕೆ ಬಿಡಬಹುದು. ಚಿತ್ರೋದ್ಯಮ 1945ರಲ್ಲೇ ರಾಷ್ಟ್ರೀಕರಣವಾಗಿತ್ತು. 1948ರ ಫೆಬ್ರವರಿಯಲ್ಲಿ ಕಮ್ಯುನಿಸ್ಟ್ ಪಕ್ಷ ಅಧಿಕಾರ ಹಿಡಿದ ಮೇಲೆ ಚಿತ್ರಕಥೆ ಹೇಗಿರಬೇಕೆಂದು ಮೇಲಿನಿಂದ ತೀರ್ಮಾನವಾಗುತ್ತಿತ್ತು. ಒಳ್ಳೆಯವನು ಮೊದಲ ದೃಶ್ಯದಲ್ಲೇ ಗೊತ್ತಾಗುತ್ತಾನೆ, ಕೆಟ್ಟವನು ಎರಡನೆಯದರಲ್ಲಿ. ಪ್ರಕೃತಿಯ ದೃಶ್ಯಗಳು ಮಾತ್ರ ಇವತ್ತಿಗೂ ಚೆನ್ನ. 1953ರ ‘ಶುಕ್ರವಾರ, ಹದಿಮೂರು’ ಅವರ ಹಾಸ್ಯಚಿತ್ರ. 1966ರ ‘ಮಾಯ್‌ಸ್ಟರ್ ಕಟ್’ ಎಂದರೆ ಗಲ್ಲಿಗೇರಿಸುವವನ ಕಥೆ. ಶಿಕ್ಷೆಗೆ ಒಳಗಾಗುವವನ ಕಡೆಯಿಂದ ಶುರುವಾದ ಸಿನಿಮಾ ಜೀವನ ಮೂವತ್ತು ವರ್ಷದ ಮೇಲೆ ಶಿಕ್ಷೆ ಜಾರಿ ಮಾಡುವವನ ಹತ್ತಿರ ಬಂದು ನಿಂತಿದೆ. ಮೂರು ನೋಡಿದ ಮೇಲೆ ನಾಲ್ಕನೆಯದಕ್ಕೆ ಮನಸ್ಸಾದರೆ ಇದನ್ನೇ ನೋಡಿ.

1968ರ ಆಚೆ ಏನೂ ಕಾಣುವುದಿಲ್ಲವಲ್ಲ? (ಹಾಸನದ ಓದುಗರು)

ಕಾಣದಿರುವುದು ಸರಿ. ‘ತ್ರಾಯ ಸ್ವೆದ್ಕೊವಿಯ’ (ಮೂವರು ಸಾಕ್ಷಿಗಳು, 1968) ಅವರು ನಿರ್ದೇಶಿಸಿದ ಕೊನೆಯ ಕಥಾಚಿತ್ರ.

ನಮ್ಮ ಚಿತ್ರಸಮಾಜದಲ್ಲಿ ಇವರ ಎರಡು ಚಿತ್ರ ತೋರಿಸಬೇಕೆಂದಿದ್ದೇವೆ. ಯಾರನ್ನು ಕೇಳಬೇಕು? ಎಲ್ಲಿ ಎಡವಬಹುದು? (ಸಾಗರದ ಓದುಗರು)

1935ರ ‘ಯಾನೊಶೀಕ್’ ಚೆಕ್ ನಿರ್ಮಾಣ, ಅದಕ್ಕೆ ಪ್ರಾಗ್‌ನ ರಾಷ್ಟ್ರೀಯ ಚಲನಚಿತ್ರ ಭಂಡಾರವನ್ನು ಕೇಳಿ. ಯುದ್ಧಾನಂತರದ ಸ್ಲೊವಾಕ್ ಚಿತ್ರಗಳಿಗೆ ಬ್ರಾಟಿಸ್ಲಾವಾದ ಸ್ಲೊವಾಕ್ ಚಲನಚಿತ್ರ ಸಂಸ್ಥೆ. ಎರಡನ್ನೂ ಒಂದೇ ಪತ್ರದಲ್ಲಿ ಒಂದೇ ಕಡೆ ಕೇಳಿದರೆ ಅರ್ಧ ಉತ್ತರ ಮಾತ್ರ ಬರುತ್ತದೆ, ವಾರಗಳು ವ್ಯರ್ಥ. ಪತ್ರದಲ್ಲಿ ಚಿತ್ರದ ಮೂಲ ಹೆಸರು, ವರ್ಷ, ನಿರ್ದೇಶಕ, ತೋರಿಸುವ ದಿನಾಂಕ, ಎಷ್ಟು ಪ್ರದರ್ಶನ, ಎಷ್ಟು ಆಸನ, ಟಿಕೆಟ್ ಇದೆಯೋ ಉಚಿತವೋ, ನಿಮ್ಮಲ್ಲಿರುವ ಪ್ರೊಜೆಕ್ಟರ್ ಯಾವ ನಮೂನೆ ಎಂಬುದೆಲ್ಲ ಇರಲಿ. ಇಂಗ್ಲಿಷ್ ಸಬ್‌ಟೈಟಲ್ ಇರುವ ಪ್ರತಿ ಸಿಗುತ್ತದೆಯೇ ಎಂದು ಬಿಡಿಸಿ ಕೇಳಿ. ಮೂರು ತಿಂಗಳ ಮುಂಚೆ ಬರೆಯುವುದು ಕ್ಷೇಮ.

ಡಿಸಿಪಿ, ಅಂದರೆ ಚಿತ್ರಮಂದಿರಗಳಿಗೆಂದೇ ಸಿದ್ಧಪಡಿಸಿದ ಡಿಜಿಟಲ್ ಪ್ರತಿಯ ರೂಪದಲ್ಲಿ ಕೊಟ್ಟರೆ ಹಾರ್ಡ್‌ಡಿಸ್ಕ್ ಸಾಮಾನ್ಯವಾಗಿ ಲಿನಕ್ಸ್ ನಮೂನೆಯಲ್ಲಿರುತ್ತದೆ. ಅದನ್ನು ವಿಂಡೋಸ್ ಲ್ಯಾಪ್‌ಟಾಪಿಗೆ ಸಿಕ್ಕಿಸಿದರೆ ‘ಈ ಡಿಸ್ಕನ್ನು ಫಾರ್ಮ್ಯಾಟ್ ಮಾಡಬೇಕೇ?’ ಎಂದು ಕೇಳುತ್ತದೆ. ಹೌದು ಎಂದರೆ ಸಿನಿಮಾ ಅಳಿಸಿಹೋಗುತ್ತದೆ. ನೇರ ಚಿತ್ರಮಂದಿರದ ಸರ್ವರಿಗೆ ಹಾಕಿ, ಪ್ರದರ್ಶನಕ್ಕೆ ಎರಡು ದಿನ ಮುಂಚೆ ಏರಿಸಿ ನೋಡಿ. 90 ನಿಮಿಷದ ಚಿತ್ರ 100 ಗಿಗಾಬೈಟ್ ಮೀರುವುದು ಮಾಮೂಲು, ಏರಿಸಲಿಕ್ಕೇ ಹೊತ್ತು ಬೇಕು. ಬೀಗ ಹಾಕಿದ ಪ್ರತಿಯಾಗಿದ್ದರೆ ಡಿಜಿಟಲ್ ಕೀಲಿ ಪ್ರತ್ಯೇಕ ಬರುತ್ತದೆ, ಅದಕ್ಕೆ ಶುರು ಮತ್ತು ಕೊನೆಯ ಗಂಟೆ ಇರುತ್ತದೆ. ನಮ್ಮ ಸಮಯ ಬ್ರಾಟಿಸ್ಲಾವಾಕ್ಕಿಂತ ಚಳಿಗಾಲದಲ್ಲಿ ನಾಲ್ಕೂವರೆ ಗಂಟೆ, ಬೇಸಿಗೆಯಲ್ಲಿ ಮೂರೂವರೆ ಗಂಟೆ ಮುಂದೆ. ಕೀಲಿ ಅವರ ಬೆಳಗ್ಗೆ ಎಂಟಕ್ಕೆ ತೆರೆಯುವುದಾದರೆ ಚಳಿಗಾಲದಲ್ಲಿ ನಿಮ್ಮ ಮಧ್ಯಾಹ್ನ ಹನ್ನೆರಡೂವರೆಯವರೆಗೆ ಪರದೆ ಕಪ್ಪಗೇ ಇರುತ್ತದೆ. ಹಿಂದಿನ ದಿನದಿಂದಲೇ ತೆರೆದಿರುವಂತೆ ಕೇಳಿಕೊಳ್ಳಿ.

ಡಿವಿಡಿ ಆದರೆ ಬೇರೆ ತೊಡಕು. ಯುರೋಪಿನ ಡಿವಿಡಿ ವಲಯ 2, ಭಾರತದ್ದು ವಲಯ 5. ನಮ್ಮ ಪ್ಲೇಯರ್ ಅದನ್ನು ನಿರಾಕರಿಸಬಹುದು. ಮನೆಯಲ್ಲಿ ನೋಡಲು ಕೊಂಡ ಡಿವಿಡಿಗೆ ಸಾರ್ವಜನಿಕ ಪ್ರದರ್ಶನದ ಹಕ್ಕೂ ಇರುವುದಿಲ್ಲ.

1962–63ರ ಚಿತ್ರದಲ್ಲಿ ಮನುಷ್ಯರು ಸಪೂರವಾಗಿ, ಕುದುರೆಗಳು ಒಂಟೆಗಳಂತೆ ಎತ್ತರವಾಗಿ ಕಂಡರೆ ಪ್ರತಿ ಕೆಟ್ಟಿಲ್ಲ, ಅಗಲದ ಅನುಪಾತ ತಪ್ಪಿದೆ. ಪ್ಲೇಯರಿನಲ್ಲಿ 2.35ಕ್ಕೆ 1 ಎಂದು ಹೊಂದಿಸಿ. ಎರಡೂ ಬದಿ ಕತ್ತರಿಸಿ ಹಳೆಯ ಟಿವಿ ಅಳತೆಗೆ ಇಳಿಸಿದ ಪ್ರತಿಯನ್ನು ಮಾತ್ರ ತೋರಿಸಬೇಡಿ. ಚಿತ್ರದ ಶೇಕಡಾ 43ರಷ್ಟು ಭಾಗವೇ ಅದರಲ್ಲಿ ಇರುವುದಿಲ್ಲ.

ಸಬ್‌ಟೈಟಲ್ ಮೊದಲು ಸರಿಯಿದ್ದು ಬರಬರುತ್ತ ಹಿಂದೆ ಬೀಳುತ್ತದೆ. ಅಕ್ಷರಗಳೂ ವಿಚಿತ್ರ. (ಮಂಗಳೂರಿನ ಓದುಗರು)

ಸಿನಿಮಾ ಸೆಕೆಂಡಿಗೆ 24 ಚೌಕಟ್ಟು ಓಡುತ್ತದೆ, ಯುರೋಪಿನ ಟಿವಿ ಮತ್ತು ಡಿವಿಡಿ 25. ಹಾಗಾಗಿ 100 ನಿಮಿಷದ ಚಿತ್ರ ಡಿವಿಡಿಯಲ್ಲಿ 96 ನಿಮಿಷಕ್ಕೆ ಮುಗಿಯುತ್ತದೆ. 24ರ ಲೆಕ್ಕದ ಸಬ್‌ಟೈಟಲನ್ನು 25ರ ಪ್ರತಿಗೆ ಹಾಕಿದರೆ ಒಂದು ಗಂಟೆಯ ಹೊತ್ತಿಗೆ ಸುಮಾರು ಎರಡೂವರೆ ನಿಮಿಷ ಹಿಂದೆ ಬೀಳುತ್ತದೆ. ಮೊದಲಿನಿಂದ ಕೊನೆವರೆಗೆ ಒಂದೇ ಅಂತರವಿದ್ದರೆ ಕಂಪ್ಯೂಟರಿನ ವಿಎಲ್‌ಸಿ ಪ್ಲೇಯರಿನಲ್ಲಿ ಜಿ, ಎಚ್ ಕೀಲಿಗಳಿಂದ ಸರಿಸಿದರೆ ಸಾಕು. ಅಂತರ ಬೆಳೆಯುತ್ತಿದ್ದರೆ ಸರಿಸಿ ಪ್ರಯೋಜನವಿಲ್ಲ. ‘ಸಬ್‌ಟೈಟಲ್ ಎಡಿಟ್’ ಎಂಬ ಉಚಿತ ತಂತ್ರಾಂಶದಲ್ಲಿ ಕಡತ ತೆರೆದು ಫ್ರೇಮ್ ದರವನ್ನು 24ರಿಂದ 25ಕ್ಕೆ ಬದಲಿಸಿ ಉಳಿಸಿ.

ಇದೇ ಕಾರಣಕ್ಕೆ ಹಾಡುಗಳ ಶ್ರುತಿಯೂ ಮುಕ್ಕಾಲು ಅರೆಸ್ವರದಷ್ಟು ಏರಿರಬಹುದು. 1935ರ ಚಿತ್ರದಲ್ಲಿ ದನಿಗಳು ತುಸು ತೆಳುವಾಗಿ ಕೇಳಿಸಿದರೆ ಆ ಕಾಲದ ಧ್ವನಿಮುದ್ರಣವನ್ನೇ ದೂರುವ ಮೊದಲು ಇದನ್ನು ನೋಡಿ.

ಅಕ್ಷರದ ತೊಂದರೆಗೆ ಕಾರಣ ಹಳೆಯ ಕಡತಗಳು ವಿಂಡೋಸ್-1250 ಎಂಬ ಸಂಕೇತದಲ್ಲಿರುವುದು. ಪಲ್ಯೊ ಹೆಸರಿನ ನಡುವೆ ಮುಕ್ಕಾಲು ಎಂಬ ಭಿನ್ನರಾಶಿ ಗುರುತು ಕಂಡರೆ ಅನುಮಾನವೇ ಬೇಡ, ಅದೇ ರೋಗ. ತೆರೆಯುವಾಗ ‘ಮಧ್ಯ ಯುರೋಪ್’ ಆಯ್ದುಕೊಂಡು ಯುಟಿಎಫ್-8 ಆಗಿ ಉಳಿಸಿ.

ಕನ್ನಡದಲ್ಲೇ ಸಬ್‌ಟೈಟಲ್ ಮಾಡೋಣವೆಂದಿದ್ದೇವೆ. ಯಾವ ಪದಗಳಲ್ಲಿ ಜಾಗ್ರತೆ ಬೇಕು? (ಬಳ್ಳಾರಿಯ ಓದುಗರು)

ದಯವಿಟ್ಟು ಮಾಡಿ. ನುಡಿ ಅಥವಾ ಬರಹದ ಹಳೆಯ ಅಕ್ಷರವಿನ್ಯಾಸದಲ್ಲಿ ಟೈಪ್ ಮಾಡಬೇಡಿ, ಪರದೆಯ ಮೇಲೆ ಅರ್ಥವಿಲ್ಲದ ಇಂಗ್ಲಿಷ್ ಅಕ್ಷರಗಳು ಸುರಿಯುತ್ತವೆ. ಯೂನಿಕೋಡ್ ಬಳಸಿ. ಅನೇಕ ಟಿವಿಗಳು ಒತ್ತಕ್ಷರ ಒಡೆದು ತೋರಿಸುತ್ತವೆ, ಆದ್ದರಿಂದ ಕಡತ ಬೇರೆ ಇಡದೆ ಚಿತ್ರದ ಮೇಲೇ ಅಚ್ಚೊತ್ತಿಸಿ. ಆದರೆ ಹಕ್ಕುದಾರರ ಒಪ್ಪಿಗೆ ಪಡೆದ ಮೇಲೆ. ಎರಡೇ ಸಾಲು, ಸಾಲಿಗೆ ಮೂವತ್ತು ಅಕ್ಷರದೊಳಗೆ ಇರಲಿ. ಎರಡು ಸಾಲಿಗೆ ಐದು ಸೆಕೆಂಡ್ ಬೇಕು. ಮೇಲಿನ ಸಾಲಿನ ಒತ್ತು ಕೆಳಗಿನ ಸಾಲಿನ ಗುಡಿಸಿಗೆ ತಾಗದಷ್ಟು ಅಂತರ ಬಿಡಿ.

ಪದಗಳ ವಿಷಯಕ್ಕೆ ಬಂದರೆ, ‘ರೊಬೊತ’ ನಮ್ಮ ‘ಬಿಟ್ಟಿ’ಯೇ. ಜಹಗೀರುದಾರನ ಹೊಲದಲ್ಲಿ ಕೂಲಿಯಿಲ್ಲದೆ ದುಡಿಯಬೇಕಾದ ಕಡ್ಡಾಯ. ‘ಗುಲಾಮಗಿರಿ’ ಎಂದು ಬರೆದರೆ ಅರ್ಥ ಜಾರುತ್ತದೆ, ‘ಬಿಟ್ಟಿ ಚಾಕರಿ’ ಎಂದರೆ ಸರಿಯಾಗಿ ಕೂರುತ್ತದೆ. ಚೆಕ್ ನಾಟಕವೊಂದು 1920ರಲ್ಲಿ ಲೋಕಕ್ಕೆ ಕೊಟ್ಟ ‘ರೋಬಾಟ್’ ಹುಟ್ಟಿದ್ದೂ ಇದೇ ಪದದಿಂದ. ‘ವಲಷ್ಕ’ ಕುರಿಗಾಹಿಗಳ ಉದ್ದ ಹಿಡಿಯ ಸಣ್ಣ ಕೊಡಲಿ, ಊರುಗೋಲೂ ಹೌದು. ‘ಕೊಡಲಿ’ ಸಾಕು, ‘ಗಂಡುಗೊಡಲಿ’ ಬೇಡ.

ಕಷ್ಟದ ಪದ ‘ಜ್ಬೊಯ್‌ನೀಕ್’. ನ್ಯಾಯಾಲಯದ ದೃಶ್ಯದಲ್ಲಿ ಅಧಿಕಾರಿಯ ಬಾಯಲ್ಲಿ ಅದು ‘ದರೋಡೆಕೋರ’. ಹಳ್ಳಿಯ ಹುಡುಗಿ ಅದೇ ಪದ ಹೇಳುವಾಗ ಅದರಲ್ಲಿ ಪ್ರೀತಿ ಇದೆ, ಹೆಮ್ಮೆಯೂ ಇದೆ. ‘ಕ್ರಾಂತಿಕಾರಿ’ ಎಂದರೆ 1713ಕ್ಕೆ ಹೊಂದುವುದಿಲ್ಲ. ಎರಡಕ್ಕೂ ಒಂದೇ ಕನ್ನಡ ಪದ ಹುಡುಕುವ ಹಠ ಬಿಡಿ: ಅಧಿಕಾರಿಗೆ ‘ದರೋಡೆಕೋರ’, ಹಳ್ಳಿಗರಿಗೆ ‘ಕಾಡಿನವನು’ ಅಥವಾ ‘ಬೆಟ್ಟದ ಹುಡುಗ’. ಕೊನೆಯ ಕುಣಿತದ ಹೊತ್ತಿಗೆ ಹಾಡಿನ ಸಾಲುಗಳನ್ನು ಮಾತ್ರ ಕೊಟ್ಟು, ಉಳಿದಂತೆ ಪರದೆಯನ್ನು ಖಾಲಿ ಬಿಡಿ. ಬಿಯೆಲಿಕ್ ಕಾಲು ಕಾಣಬೇಕು.